ಗುಂಡಿನ ಹಾಡು ಮತ್ತು ಸೋಬಾನೆಯ ಪಡಸಾಲೆ: ಒಂದು ಚಿತ್ರಗೀತೆಯ ಜಾನಪದ ಪಯಣ

1

ಕ್ಷೇತ್ರಕಾರ್ಯದಿಂದ ಮರಳಿದ ಸಂಗ್ರಹಕಾರರು ತಾವು ತಂದದ್ದನ್ನು ಕುರಿತು ಬರೆಯುತ್ತಾರೆ. ಬಿಟ್ಟು ಬಂದದ್ದನ್ನು ಕುರಿತು ಬರೆಯುವುದು ನಮ್ಮಲ್ಲಿ ವಿರಳ. ಆದರೆ ಯಾವ ಅಧ್ಯಯನವೇ ಆಗಲಿ, ಅದು ಯಾವುದನ್ನು ಆಯ್ದುಕೊಂಡಿತು ಎಂಬುದರಷ್ಟೇ ಯಾವುದನ್ನು ಕೈಬಿಟ್ಟಿತು ಎಂಬುದರಿಂದಲೂ ತನ್ನ ಸ್ವರೂಪವನ್ನು ಪಡೆಯುತ್ತದೆ. ಪ್ರಸ್ತುತ ಲೇಖನವು ಹಾಗೆ ಕೈಬಿಟ್ಟ ಒಂದು ಹಾಡನ್ನು ಕುರಿತದ್ದು. ಅದು ಜನಪದ ಗೀತೆಯಲ್ಲ. 1989ರಲ್ಲಿ ತೆರೆಕಂಡ 'ನಂಜುಂಡಿ ಕಲ್ಯಾಣ' ಚಿತ್ರಕ್ಕಾಗಿ ಮಂಜುಳಾ ಗುರುರಾಜ್ ಅವರು ಒಬ್ಬರೇ ಹಾಡಿದ 'ಒಳಗೆ ಸೇರಿದರೆ ಗುಂಡು' ಎಂಬ ಕುಣಿತದ ಗೀತೆ. ಮಂಡ್ಯ ಜಿಲ್ಲೆಯ ಶ್ರೀರಂಗಪಟ್ಟಣ, ಪಾಂಡವಪುರ, ಕೃಷ್ಣರಾಜಪೇಟೆ ಮತ್ತು ನಾಗಮಂಗಲ ತಾಲ್ಲೂಕುಗಳಲ್ಲಿ ಇದಕ್ಕೆ ಸಂಕ್ಷೇಪವಾಗಿ 'ಗುಂಡಿನ ಹಾಡು' ಎಂದರೆ ಸಾಕು, ಕೇಳಿದವರಿಗೆ ತಿಳಿಯುತ್ತದೆ.

ಚಿತ್ರಗೀತೆಯು ಜಾನಪದವನ್ನು ಕೆಡಿಸಿತು ಎಂಬುದು ನಮ್ಮ ವಿದ್ವತ್ ವಲಯದಲ್ಲಿ ಬಹುಕಾಲದಿಂದ ಬಳಕೆಯಲ್ಲಿರುವ ಮಾತು. ಜನಪದದ ಧಾಟಿಯನ್ನು ಚಿತ್ರರಂಗ ಎತ್ತಿಕೊಂಡರೆ ಅದನ್ನು ಕಳವು ಎಂದೆವು. ಚಿತ್ರದ ಧಾಟಿಯನ್ನು ಜನಪದರು ಎತ್ತಿಕೊಂಡರೆ ಮಾಲಿನ್ಯ ಎಂದೆವು. ಎರಡೂ ದಿಕ್ಕಿನ ಸಂಚಾರವನ್ನು ಅಪರಾಧವೆಂದು ಕಾಣುವ ಈ ನಿಲುವಿನಲ್ಲಿ ಹಾಡುವವರ ವಿವೇಚನೆಗೆ ಜಾಗವಿಲ್ಲ. ಹಾಡುವವರು, ಅದರಲ್ಲೂ ಹಾಡುವ ಹೆಣ್ಣುಮಕ್ಕಳು, ಸುಮ್ಮನೆ ತುಂಬಿಸಿಕೊಳ್ಳುವ ಪಾತ್ರೆಗಳು ಎಂಬ ಗ್ರಹಿಕೆ ಇದರ ಹಿಂದಿದೆ. ಗುಂಡಿನ ಹಾಡಿನ ನಿದರ್ಶನವು ಈ ಗ್ರಹಿಕೆಯನ್ನು ಪ್ರಶ್ನಿಸುತ್ತದೆ. ಅದೇ ಹೊತ್ತಿಗೆ, ಜನ ಹಾಡುವುದೆಲ್ಲವೂ ಬಿಡುಗಡೆಯ ದನಿಯೇ ಎಂಬ ಸುಲಭದ ಉತ್ಸಾಹಕ್ಕೂ ಅದು ತಡೆ ಒಡ್ಡುತ್ತದೆ.

2

ಹಾಡಿನ ವಿಚಾರಕ್ಕೆ ಬರುವ ಮುನ್ನ ಅದು ಹುಟ್ಟಿದ ಸಂದರ್ಭವನ್ನು ನೋಡಬೇಕು. ಎಂ.ಎಸ್. ರಾಜಶೇಖರ್ ನಿರ್ದೇಶಿಸಿದ 'ನಂಜುಂಡಿ ಕಲ್ಯಾಣ'ಕ್ಕೆ ಪರ್ವತವಾಣಿಯವರ 'ಬಹದ್ದೂರ್ ಗಂಡ' ನಾಟಕ ಆಧಾರ. ಆ ನಾಟಕದ ಮೂಲ ಪ್ರೇರಣೆ ಷೇಕ್ಸ್‌ಪಿಯರನ ಪ್ರಸಿದ್ಧ ಹಾಸ್ಯನಾಟಕ. ಗಂಡನಾದವನು ಗಯ್ಯಾಳಿ ಹೆಂಡತಿಯನ್ನು ಉಪಾಯದಿಂದ ಪಳಗಿಸುವುದು ಅದರ ವಸ್ತು. ರಾಘವೇಂದ್ರ ರಾಜಕುಮಾರ್ ನಾಯಕ. ಮಾಲಾಶ್ರೀ ನಾಯಕಿಯಾಗಿ ಕನ್ನಡಕ್ಕೆ ಪರಿಚಯವಾದದ್ದು ಇದೇ ಚಿತ್ರದಿಂದ. ಸಾಹಿತ್ಯ ಚಿ. ಉದಯಶಂಕರ್ ಅವರದು, ಸಂಗೀತ ಉಪೇಂದ್ರಕುಮಾರ್ ಅವರದು. ಪಳಗಿಸಲ್ಪಡಬೇಕಾದ ಹೆಣ್ಣು ಕುಡಿದ ಅಮಲಿನಲ್ಲಿ ಕುಣಿಯುತ್ತಾ ಹಾಡುವ ಹಾಡು ಇದು.

ಹಾಡಿನ ಕೀಲಿ ಇರುವುದು ಒಂದು ಪ್ರಾಸದಲ್ಲಿ. ಆಡುಮಾತಿನಲ್ಲಿ ಮದ್ಯಕ್ಕೆ ಸಂದಿರುವ 'ಗುಂಡು' ಎಂಬ ಪದವನ್ನೂ 'ಗಂಡು' ಎಂಬ ಪದವನ್ನೂ ಕವಿ ಎದುರುಬದುರು ನಿಲ್ಲಿಸುತ್ತಾರೆ. ಎರಡು ಪದಗಳ ನಡುವಣ ವ್ಯತ್ಯಾಸ ಒಂದು ಕೊಂಬು ಮಾತ್ರ. ಎರಡನೆಯ ಅಕ್ಷರ ಒಂದೇ ಆಗಿರುವುದು ಕನ್ನಡದ ಕಿವಿಗೆ ಅತ್ಯಂತ ಹಳೆಯ ಪ್ರಾಸ. ಗಾದೆ, ಒಗಟು, ತ್ರಿಪದಿಗಳಲ್ಲಿ ಪಳಗಿದ ಕಿವಿಗೆ ಅದು ಒಮ್ಮೆಗೇ ಅಂಟುತ್ತದೆ. ಮದ್ಯವು ಹೆಣ್ಣನ್ನು ಗಂಡಾಗಿಸುತ್ತದೆ ಎಂಬ ಕಲ್ಪನೆ ಈ ಪ್ರಾಸದಿಂದಲೇ ಹುಟ್ಟುತ್ತದೆ. ಆಶಯ ಮೊದಲೋ ಪ್ರಾಸ ಮೊದಲೋ ಎಂದು ಹೇಳಲಾಗದಂತೆ ಎರಡೂ ಬೆಸೆದುಕೊಂಡಿರುವುದು ಈ ರಚನೆಯ ಯಶಸ್ಸು. ಹಾಡು ಗಾದೆಯ ಹಾಗೆ ಬಾಯಿಂದ ಬಾಯಿಗೆ ಹರಿದಾಡಿದ್ದಕ್ಕೆ ಇದೂ ಒಂದು ಕಾರಣ.

ಹೆಣ್ಣು ಗಂಡಾಗುವುದು ನಮ್ಮ ಭಾಷೆಗೆ ಹೊಸ ಸಂಗತಿಯಲ್ಲ. 'ಗಂಡುಬೀರಿ' ಎಂಬ ಬೈಗುಳ ಹಳ್ಳಿಗಳಲ್ಲಿ ಈಗಲೂ ಜೀವಂತವಾಗಿದೆ. ಗಟ್ಟಿಯಾಗಿ ನಗುವ, ಕಾಲು ಚಾಚಿ ಕೂರುವ, ಎದುರು ಮಾತಾಡುವ ಹುಡುಗಿಗೆ ಮನೆಯ ಹಿರಿಯ ಹೆಂಗಸರೇ ಈ ಮಾತನ್ನು ಬಳಸುತ್ತಾರೆ. ಅಂದರೆ ಹೆಣ್ಣು ತನಗೆ ವಿಧಿಸಿದ ಗೆರೆಯನ್ನು ದಾಟಿದಾಗ ಅದನ್ನು ಗಂಡುತನವೆಂದು ಹೆಸರಿಸುವ ವಾಡಿಕೆ ಹಾಡಿಗಿಂತ ಬಹಳ ಹಿಂದಿನದು. ಬೈಗುಳವಾಗಿದ್ದುದನ್ನು ಹಾಡು ಕುಣಿತವಾಗಿ ಮಾರ್ಪಡಿಸಿತು. ಆದರೆ ಚಿತ್ರದ ಚೌಕಟ್ಟಿನಲ್ಲಿ ಈ ಕುಣಿತಕ್ಕೆ ಅವಧಿ ನಿಗದಿಯಾಗಿದೆ. ಹಾಡು ಮುಗಿದ ಮೇಲೆ ಕಥೆ ಅವಳನ್ನು ಪಳಗಿಸುವ ದಾರಿಯಲ್ಲೇ ಸಾಗುತ್ತದೆ. ಹಾಗಾಗಿ ಚಿತ್ರದೊಳಗೆ ಈ ಹಾಡು ಹೆಣ್ಣಿನ ಉಲ್ಲಾಸವೂ ಹೌದು, ಅವಳ ಮೇಲಿನ ದೋಷಾರೋಪಪಟ್ಟಿಯೂ ಹೌದು.

3

ಹಾಡಿದ ದನಿಯನ್ನು ಕುರಿತು ಒಂದೆರಡು ಮಾತು ಅಗತ್ಯ. ಕನ್ನಡ ಚಿತ್ರಸಂಗೀತದಲ್ಲಿ ಕುಣಿತದ ಹಾಡಿಗೆಂದೇ ಒಂದು ದನಿಯನ್ನು ಮೀಸಲಿಟ್ಟಿದ್ದ ಕಾಲವಿತ್ತು. 'ಪರೋಪಕಾರಿ' (1970), 'ಸಂಶಯ ಫಲ' (1971) ಚಿತ್ರಗಳಲ್ಲಿ ಎಲ್.ಆರ್. ಈಶ್ವರಿಯವರು ಹಾಡಿದ ಗೀತೆಗಳು ಇದಕ್ಕೆ ಒಳ್ಳೆಯ ಉದಾಹರಣೆ. ಆ ದನಿಯ ಹುರುಪು, ಬಿರುಸು, ಉಸಿರಿನ ಆಟ ಅಪೂರ್ವವಾದವು. ಆದರೆ ಅಂತಹ ದನಿ ಬಹುಮಟ್ಟಿಗೆ ಕ್ಲಬ್ಬಿನ ನರ್ತಕಿಗೆ ಸೇರಿದ್ದು; ತುಳಸಿಕಟ್ಟೆಯ ಮುಂದೆ ನಿಲ್ಲುವ ನಾಯಕಿಯ ದನಿ ಬೇರೆ. ಎರಡು ಬಗೆಯ ಹೆಣ್ಣು, ಎರಡು ಬಗೆಯ ಕಂಠ ಎಂಬ ಈ ವಿಭಜನೆ ಕೇಳುಗರ ಮನಸ್ಸಿನಲ್ಲಿ ಗಟ್ಟಿಯಾಗಿ ನೆಲೆಯೂರಿತ್ತು.

ಮೈಸೂರಿನಲ್ಲಿ ಹುಟ್ಟಿದ, ಕಂಠದಾನ ಕಲಾವಿದೆಯಾಗಿಯೂ ದುಡಿದ ಮಂಜುಳಾ ಗುರುರಾಜ್ ಅವರ ದನಿ 1989ರಲ್ಲಿ ಈ ಗೋಡೆಯನ್ನು ಸಡಿಲಿಸಿತು. ಅಮಲಿನ ಎಳೆತ, ತೊದಲು, ಸವಾಲು ಎಲ್ಲವೂ ನಾಯಕಿಯದೇ ಆಯಿತು. ಸಂಭಾಷಣೆಗೆ ದನಿ ಕೊಡುವವರ ಅಭಿನಯಪ್ರಜ್ಞೆ ಗಾಯನಕ್ಕೆ ಕೂಡಿಕೊಂಡದ್ದರಿಂದ ಹಾಡು ಕೇಳುತ್ತಿದ್ದಂತೆಯೇ ಒಂದು ಪಾತ್ರ ಕಣ್ಣಮುಂದೆ ನಿಲ್ಲುತ್ತದೆ. ಮುಖ್ಯವಾಗಿ ಗಮನಿಸಬೇಕಾದುದೆಂದರೆ, ಗಾಯಕಿ ಇಲ್ಲಿ ಕುಡಿದವಳ ಹಾಗೆ ಹಾಡುತ್ತಾರೆಯೇ ಹೊರತು ಶ್ರುತಿಯನ್ನಾಗಲಿ ಲಯವನ್ನಾಗಲಿ ಬಿಡುವುದಿಲ್ಲ. ಅಮಲು ನಟನೆ, ಹಿಡಿತ ನಿಜ. ಮುಂದೆ ಹೆಣ್ಣುಮಕ್ಕಳು ಈ ಹಾಡನ್ನು ತಮ್ಮದಾಗಿಸಿಕೊಂಡ ಬಗೆಗೆ ಈ ಅಂಶವೇ ಆಧಾರವಾಯಿತೆಂದು ನನ್ನ ಅಭಿಪ್ರಾಯ.

4

ಮಂಡ್ಯ ಜಿಲ್ಲೆ ರೂಪುಗೊಂಡದ್ದು 1939ರಲ್ಲಿ. ಅದರ ಪಶ್ಚಿಮ ಮತ್ತು ಉತ್ತರ ಭಾಗದಲ್ಲಿರುವ ಈ ನಾಲ್ಕು ತಾಲ್ಲೂಕುಗಳು ಒಂದೇ ಬಗೆಯ ನೆಲವಲ್ಲ. ಶ್ರೀರಂಗಪಟ್ಟಣ ಮತ್ತು ಪಾಂಡವಪುರ ಕಾವೇರಿಯ ನಾಲೆಗಳ ನಾಡು. 1911ರಲ್ಲಿ ಕೆಲಸ ಆರಂಭವಾದ ಕನ್ನಂಬಾಡಿ ಕಟ್ಟೆ ಇಲ್ಲಿನ ಬದುಕನ್ನು ಕಬ್ಬು, ಬತ್ತಗಳ ಕಡೆಗೆ ತಿರುಗಿಸಿತು. ಕೃಷ್ಣರಾಜಪೇಟೆಗೆ ಹೇಮಾವತಿಯ ಆಸರೆ. ನಾಗಮಂಗಲ ಬಹುಮಟ್ಟಿಗೆ ರಾಗಿ, ಹುರುಳಿ, ತೆಂಗಿನ ಬೆದ್ದಲು ಸೀಮೆ. ಜಾನಪದ ಅಧ್ಯಯನಕ್ಕೆ ಈ ಸೀಮೆ ಕೊಟ್ಟದ್ದು ದೊಡ್ಡದು. ಎಚ್.ಎಲ್. ನಾಗೇಗೌಡರು ನಾಗಮಂಗಲ ತಾಲ್ಲೂಕಿನ ಹೆರಗನಹಳ್ಳಿಯವರು, ಜೀ.ಶಂ. ಪರಮಶಿವಯ್ಯನವರು ಅದೇ ತಾಲ್ಲೂಕಿನ ಅಂಬಲಜೀರಹಳ್ಳಿಯ ಕಡೆಯವರು. ಮೂಡಲಪಾಯ, ಪೂಜಾ ಕುಣಿತ, ಕೋಲಾಟ, ರಂಗದ ಕುಣಿತಗಳ ಜೊತೆಗೆ ಹೆಣ್ಣುಮಕ್ಕಳ ಸೋಬಾನೆ, ಬೀಸುವ ಪದ, ನಾಟಿಯ ಪದ, ಕೊಂತಿ ಪೂಜೆಯ ಹಾಡುಗಳು ಇಲ್ಲಿ ಸಮೃದ್ಧವಾಗಿದ್ದವು.

ಇವುಗಳಲ್ಲಿ ಬಹಳಷ್ಟು ಈಗ ಕ್ಷೀಣಿಸಿವೆ. ಆದರೆ ಕ್ಷೀಣಿಸಿದ ಕಾರಣವನ್ನು ಬಿಡಿಬಿಡಿಯಾಗಿ ನೋಡಿದರೆ ಚಿತ್ರಗೀತೆಯ ಮೇಲಿನ ಆರೋಪ ನಿಲ್ಲುವುದು ಕಷ್ಟ. ಬೀಸುವ ಪದ ನಿಂತದ್ದು ಹಿಟ್ಟಿನ ಗಿರಣಿ ಬಂದಾಗ. ಬೀಸುವ ಕಲ್ಲು ಮೂಲೆ ಸೇರಿದ ಮೇಲೆ ಅದರ ಗೂಟ ಹಿಡಿದು ಹಾಡುವ ಸಂದರ್ಭವೇ ಇಲ್ಲವಾಯಿತು. ಬೆಳಗಿನ ಜಾವದ ಆ ಶ್ರಮ ತಪ್ಪಿದ್ದಕ್ಕೆ ಯಾವ ಹೆಂಗಸೂ ಮರುಗಿದ್ದನ್ನು ನಾನು ಕಂಡಿಲ್ಲ. ಸೋಬಾನೆ ಕುಗ್ಗಿದ್ದು ಮದುವೆಯ ಕಾಲಾವಧಿ ಕುಗ್ಗಿದಾಗ. ಚಪ್ಪರ, ಅರಿಶಿನ, ನೀರು ತರುವುದು, ಹಸೆ, ಧಾರೆ, ಆರತಿ, ಬೀಗರ ಔತಣ, ಹೆಣ್ಣೊಪ್ಪಿಸುವುದು ಎಂದು ದಿನಗಟ್ಟಲೆ ಮನೆಯಂಗಳದಲ್ಲಿ ನಡೆಯುತ್ತಿದ್ದ ಮದುವೆ ಕಲ್ಯಾಣಮಂಟಪಕ್ಕೆ ಹೋಗಿ ಒಂದೆರಡು ದಿನಕ್ಕೆ ಇಳಿಯಿತು. ಬಾಡಿಗೆಯ ಗಡಿಯಾರದ ಮುಂದೆ ಐವತ್ತು ನುಡಿಯ ಹಸೆ ಹಾಡಿಗೆ ವ್ಯವಧಾನವಿಲ್ಲ. ಕೆಲಸದಿಂದಲೂ ಆಚರಣೆಯಿಂದಲೂ ಹಾಡು ಖಾಲಿ ಮಾಡಿಕೊಟ್ಟ ಜಾಗಕ್ಕೆ ಧ್ವನಿವರ್ಧಕ ಮತ್ತು ಕ್ಯಾಸೆಟ್ ಬಂದವು. ಅವು ಬಂದದ್ದರಿಂದ ಹಾಡು ಹೋಯಿತು ಎಂಬುದು ಕಾಲಕ್ರಮವನ್ನು ತಿರುವುಮುರುವು ಮಾಡಿದಂತೆ.

ತಂತ್ರಜ್ಞಾನವು ಜನಪದ ಸಂಸ್ಕೃತಿಯ ಕೊನೆಯಲ್ಲ, ಅದು ನೆಲೆಸುವ ಹೊಸ ಪರಿಸರ ಎಂದು ಜರ್ಮನ್ ವಿದ್ವಾಂಸ ಹೆರ್ಮನ್ ಬೌಸಿಂಗರ್ 1961ರಷ್ಟು ಹಿಂದೆಯೇ ವಾದಿಸಿದ್ದರು. ಉತ್ತರ ಭಾರತದ ಕ್ಯಾಸೆಟ್ ಸಂಸ್ಕೃತಿಯನ್ನು ಕುರಿತ 1993ರ ಗ್ರಂಥದಲ್ಲಿ ಪೀಟರ್ ಮ್ಯಾನುಯೆಲ್ ಅವರು, ಅಗ್ಗದ ಕ್ಯಾಸೆಟ್ಟು ಪ್ರಾದೇಶಿಕ ಹಾಡುಗಾರಿಕೆಗೆ ಹೇಗೆ ಹೊಸ ಅವಕಾಶ ಕೊಟ್ಟಿತೆಂಬುದನ್ನೂ, ಚಿತ್ರದ ಧಾಟಿಗೆ ಹೊಸ ಮಾತು ಕಟ್ಟುವ ಪರಿಪಾಠ ಎಷ್ಟು ವ್ಯಾಪಕವೆಂಬುದನ್ನೂ ವಿವರವಾಗಿ ತೋರಿಸಿದರು. ನಮ್ಮ ಜಿಲ್ಲೆಯ ಮಟ್ಟಿಗೆ ಇಂತಹ ವಿವರಗಳು ಸಂಗ್ರಹವಾಗಲೇ ಇಲ್ಲ. ಸಂಗ್ರಹಿಸಬಹುದಾಗಿದ್ದ ಕಾಲದಲ್ಲಿ ನಾವು ಬೇರೆ ಕಡೆ ನೋಡುತ್ತಿದ್ದೆವು.

5

ಗುಂಡಿನ ಹಾಡು ಈ ನಾಲ್ಕು ತಾಲ್ಲೂಕುಗಳಲ್ಲಿ ಎರಡು ದಾರಿಯಾಗಿ ಹರಿಯಿತು. ಮೊದಲನೆಯದು ರಸಮಂಜರಿ ಕಾರ್ಯಕ್ರಮದ ವೇದಿಕೆ. ಗಣೇಶನ ಹಬ್ಬ, ಊರಹಬ್ಬ, ರಾಜ್ಯೋತ್ಸವ, ಹೇಮಗಿರಿ ಮತ್ತು ಬೇಬಿ ಬೆಟ್ಟದಂತಹ ಜಾತ್ರೆಗಳ ಸೀಮೆಯಲ್ಲಿ ವಾದ್ಯಗೋಷ್ಠಿಗಳಿಗೆ ಕೊರತೆಯಿರಲಿಲ್ಲ. ರಸಮಂಜರಿಯ ಕ್ರಮವನ್ನು ಬಲ್ಲವರಿಗೆ ಗೊತ್ತಿರುವಂತೆ, ಆರಂಭ ಗಣಪತಿಯ ಸ್ತುತಿಯಿಂದ. ನಂತರ ರಾಜಕುಮಾರ್ ಅವರ ಹಾಡುಗಳು. ರಾತ್ರಿ ಏರಿದಂತೆ ಕುಣಿತದ ಹಾಡುಗಳು. ಗುಂಡಿನ ಹಾಡಿನ ಪಾಳಿ ಬರುತ್ತಿದ್ದುದು ನಡುರಾತ್ರಿಯ ಸುಮಾರಿಗೆ. ಅಷ್ಟು ಹೊತ್ತಿಗೆ ಮುಂದಿನ ಸಾಲಿನ ಹೆಂಗಸರು ಮಕ್ಕಳು ಮನೆಗೆ ಹೊರಟಿರುತ್ತಾರೆ. ಉಳಿದ ಗಂಡಸರಲ್ಲಿ ಕೆಲವರು ಹಾಡಿನ ವಸ್ತುವಿಗೆ ತಕ್ಕ ಸ್ಥಿತಿಯಲ್ಲಿಯೇ ಇರುತ್ತಾರೆ.

ಇಲ್ಲಿ ಹಾಡುವ ಹೆಣ್ಣಿನ ಸ್ಥಿತಿಯನ್ನು ನಮ್ಮ ಅಧ್ಯಯನಗಳು ಗಮನಿಸಿಲ್ಲ. ರೇಷ್ಮೆ ಸೀರೆಯುಟ್ಟು, ತಲೆತುಂಬ ಹೂ ಮುಡಿದು, ವೇದಿಕೆಯ ಬದಿಯ ಕುರ್ಚಿಯಲ್ಲಿ ಕೂತ ಗಾಯಕಿ ತನ್ನ ಸರದಿ ಬಂದಾಗ ಎದ್ದು ಮೈಕಿನ ಮುಂದೆ ನಿಲ್ಲುತ್ತಾಳೆ. ದೇವರ ನಾಮವನ್ನೂ ಗುಂಡಿನ ಹಾಡನ್ನೂ ಹಾಡುವವಳು ಅವಳೇ. ಕಾಲು ಅಲುಗುವುದಿಲ್ಲ, ಕೈಯಲ್ಲಿ ಪದಗಳ ಪುಸ್ತಕ. ಅಮಲೆಲ್ಲ ಕಂಠದಲ್ಲಿ ಮಾತ್ರ. ಚಿತ್ರದಲ್ಲಿ ಕುಣಿಯುವ ದೇಹವೂ ಹಾಡುವ ದನಿಯೂ ಬೇರೆ ಬೇರೆ ವ್ಯಕ್ತಿಗಳದಾದರೆ, ವೇದಿಕೆಯಲ್ಲಿ ಒಬ್ಬಳೇ ಹೆಂಗಸು ತನ್ನ ದನಿಯಿಂದ ದೇಹವನ್ನು ಬೇರ್ಪಡಿಸಿಕೊಂಡು ನಿಲ್ಲಬೇಕಾಗುತ್ತದೆ. ಮುಂದೆ ಶಿಳ್ಳೆ ಹೊಡೆಯುವವರಿಗೆ ಆ ನಿಶ್ಚಲತೆ ಒಂದು ಬೇಲಿ. ಹಾಡು ಕುಣಿಯಲು ಕರೆಯುತ್ತದೆ, ಹಾಡುವವಳು ಕುಣಿಯುವುದಿಲ್ಲ. ವೃತ್ತಿಯ ಅನಿವಾರ್ಯತೆಯಿಂದ ರೂಪುಗೊಂಡ ಈ ಶಿಸ್ತನ್ನು ಪ್ರದರ್ಶನಕಲೆಯ ಅಧ್ಯಯನಕ್ಕೆ ಒಳಪಡಿಸುವ ಅಗತ್ಯವಿದೆ.

ಹೋಲಿಕೆಗಾಗಿ ನಮ್ಮದೇ ರಂಗಪರಂಪರೆಯನ್ನು ನೆನೆಯಬಹುದು. ಮೂಡಲಪಾಯದಲ್ಲಿ ಗಂಡು ಹೆಣ್ಣಾಗುತ್ತಾನೆ. ಸ್ತ್ರೀವೇಷ ಅಲ್ಲಿ ಮಾನ್ಯ ಕಲೆ. ಹೆಣ್ಣು ಗಂಡಾಗಲು ಹೆಚ್ಚಿನ ಧೈರ್ಯ ಬೇಕಾಯಿತು. 1958ರಲ್ಲಿ ಸ್ತ್ರೀ ನಾಟಕ ಮಂಡಳಿಯನ್ನು ಕಟ್ಟಿದ ಮೈಸೂರಿನ ಆರ್. ನಾಗರತ್ನಮ್ಮನವರು ಕಂಸನಂತಹ ಪಾತ್ರಗಳನ್ನು ತಾವೇ ವಹಿಸಿ, ಎಲ್ಲ ಪಾತ್ರಗಳನ್ನೂ ಹೆಂಗಸರೇ ಮಾಡುವ ಕಂಪನಿಯನ್ನು ದಶಕಗಳ ಕಾಲ ನಡೆಸಿದರು. ಅವರು ಮೀಸೆ ಬರೆದುಕೊಂಡಾಗ ಅದಕ್ಕೆ ಯಾವ ಅಮಲಿನ ನೆಪವೂ ಬೇಕಿರಲಿಲ್ಲ. ಹೆಣ್ಣಿನ ದಿಟ್ಟತನಕ್ಕೆ ಬಾಟಲಿಯನ್ನು ಕಾರಣವಾಗಿ ಕೊಟ್ಟದ್ದು ಚಿತ್ರಗೀತೆಯ ಮಿತಿ ಎಂಬುದು ಈ ಹೋಲಿಕೆಯಲ್ಲಿ ಸ್ಪಷ್ಟವಾಗುತ್ತದೆ.

6

ಹಾಡಿನ ಎರಡನೆಯ ದಾರಿ ಪಡಸಾಲೆಯದು. ಇಲ್ಲಿ ನನ್ನದೇ ತಪ್ಪೊಂದನ್ನು ದಾಖಲಿಸುವುದು ವಿಷಯದ ದೃಷ್ಟಿಯಿಂದ ಅನಿವಾರ್ಯ.

ಸಂಶೋಧನ ವಿದ್ಯಾರ್ಥಿಯಾಗಿ ಸೋಬಾನೆ ಪದಗಳನ್ನು ಸಂಗ್ರಹಿಸುತ್ತಿದ್ದ ದಿನಗಳಲ್ಲಿ, ಕೃಷ್ಣರಾಜಪೇಟೆ ತಾಲ್ಲೂಕಿನ ಒಂದು ಊರಿನ ಮದುವೆಯ ಮನೆಗೆ ಹೋಗಿದ್ದೆ. ಹೆಣ್ಣನ್ನು ಹಸೆಗೆ ಕರೆಯುವ ಪದ, ಆರತಿಯ ಪದ ಮುಗಿದು, ಬೀಗರನ್ನು ಹಳಿಯುವ ಪದಗಳು ನಡೆಯುತ್ತಿದ್ದವು. ಗಂಡಿನ ಕಡೆಯವರ ಮೂಗು, ಮೀಸೆ, ಉಣ್ಣುವ ಬಗೆ, ತಂದ ಸೀರೆಯ ಬೆಲೆ ಯಾವುದನ್ನೂ ಬಿಡದೆ ಆಡಿಕೊಳ್ಳುವ ಈ ಹಾಡುಗಳು ಸೋಬಾನೆಯ ಅತ್ಯಂತ ಚುರುಕಾದ ಭಾಗ. ಮೊದಲ ಸಾಲು ಎತ್ತುತ್ತಿದ್ದಾಕೆ ಅರವತ್ತು ದಾಟಿದ ಹಿರಿಯರು. ಉಳಿದ ಹೆಂಗಸರು ಸೊಲ್ಲು ಕೊಡುತ್ತಿದ್ದರು. ಬೀಗರ ಪದವೊಂದು ಮುಗಿದ ಕೂಡಲೇ, ನಡುವೆ ಬಿಡುವಿಲ್ಲದೆ, ಆಕೆ ಗುಂಡಿನ ಹಾಡನ್ನು ಎತ್ತಿಕೊಂಡರು. ಗುಂಪು ನಗುತ್ತಾ ಸೊಲ್ಲು ಹಿಡಿಯಿತು. ನಾನು ಧ್ವನಿಮುದ್ರಣ ಯಂತ್ರವನ್ನು ನಿಲ್ಲಿಸಿದೆ. ಕ್ಯಾಸೆಟ್ ಉಳಿಸಬೇಕಾಗಿತ್ತು ಎಂಬುದು ಒಂದು ಕಾರಣ. ಇದು ನನ್ನ ವಿಷಯವಲ್ಲ ಎಂಬುದು ದೊಡ್ಡ ಕಾರಣ.

ನೆನಪಿನಲ್ಲಿ ಉಳಿದಿರುವುದು ಇಷ್ಟು. ಧಾಟಿ ಚಿತ್ರದ್ದೇ ಆದರೂ ನಡೆ ನಿಧಾನವಾಗಿ ಸೋಬಾನೆಯ ಸೊಲ್ಲಿನ ಎಳೆತಕ್ಕೆ ಇಳಿದಿತ್ತು. ಮೊದಲ ಸಾಲಿನ ನಂತರ ಚಿತ್ರದ ಮಾತು ಬಹುಪಾಲು ಇರಲಿಲ್ಲ. ಅಲ್ಲಿ ಗಂಡಿನ ಸೋದರಮಾವ, ಅವನ ಪಂಚೆ, ಅವನು ಬಿದ್ದ ಚರಂಡಿ ಬಂದಿದ್ದವು. ಹಾಡುತ್ತಾ ಹಾಡುತ್ತಾ ಆ ಹಿರಿಯರು ಎದ್ದು, ಸೆರಗನ್ನು ಟವೆಲಿನಂತೆ ಹೆಗಲಿಗೆ ಹಾಕಿಕೊಂಡು, ಕಾಲು ತೊಡರುವವರ ಹಾಗೆ ನಾಲ್ಕು ಹೆಜ್ಜೆ ನಡೆದರು. ಅದು ಮಾಲಾಶ್ರೀಯವರ ನಡಿಗೆಯಾಗಿರಲಿಲ್ಲ. ಆ ಊರಿನ ಯಾವುದೋ ಗಂಡಸಿನ ನಡಿಗೆ. ಯಾರದೆಂದು ಅಲ್ಲಿದ್ದ ಎಲ್ಲರಿಗೂ ಗೊತ್ತಿತ್ತು, ನನ್ನೊಬ್ಬಳನ್ನು ಬಿಟ್ಟು. ನಕ್ಕು ಕಣ್ಣೊರೆಸಿಕೊಳ್ಳುತ್ತಿದ್ದವರಲ್ಲಿ ಆತನ ಹೆಂಡತಿಯೂ ಇದ್ದಿರಬಹುದೆಂದು ನನಗೆ ಹೊಳೆದದ್ದು ಎಷ್ಟೋ ವರ್ಷಗಳ ಮೇಲೆ.

ಮತ್ತೆ ಆ ಊರಿಗೆ ಹೋಗುವ ಹೊತ್ತಿಗೆ ಆ ಹಾಡುಗಾರ್ತಿ ತೀರಿಕೊಂಡಿದ್ದರು. ಆಕೆ ಹಾಡಿದ ಹಸೆಯ ಪದ ನನ್ನ ಸಂಗ್ರಹದಲ್ಲಿದೆ. ಅದರ ಪಾಠಾಂತರಗಳು ಬೇರೆ ಸಂಗ್ರಹಗಳಲ್ಲೂ ಸಿಗುತ್ತವೆ. ಆಕೆಯೇ ಕಟ್ಟಿದ, ಬೇರೆಲ್ಲೂ ಸಿಗಲಾರದ ನುಡಿಗಳು ಮಾತ್ರ ಎಲ್ಲೂ ಇಲ್ಲ. ಅಪ್ಪಟ ಜಾನಪದವನ್ನು ಹುಡುಕುತ್ತಾ ಹೋದವಳು ನನ್ನ ಮುಂದೆಯೇ ಹುಟ್ಟುತ್ತಿದ್ದ ಜಾನಪದಕ್ಕೆ ಯಂತ್ರವನ್ನು ನಿಲ್ಲಿಸಿದೆ.

ನಾಗೇಗೌಡರ 'ಸೋಬಾನೆ ಚಿಕ್ಕಮ್ಮನ ಪದಗಳು' ಸಂಕಲನ ನಮಗೆ ಕಲಿಸಬೇಕಾಗಿದ್ದ ಪಾಠವೊಂದಿದೆ. ಅಲ್ಲಿ ಪದಗಳ ಜೊತೆಗೆ ಪದಗಾರ್ತಿಯ ಹೆಸರೂ ನಿಂತಿತು. ಜನಪದ ಸಾಹಿತ್ಯಕ್ಕೆ ಕರ್ತೃವಿಲ್ಲ ಎಂಬ ಪಾಠಪುಸ್ತಕದ ಮಾತಿನ ಎದುರಿಗೆ ಒಬ್ಬ ಹೆಂಗಸು, ಅವಳ ನೆನಪು, ಅವಳ ಆಯ್ಕೆ ಕಾಣಿಸಿಕೊಂಡಿತು. ಹಾಡುಗಾರ್ತಿಯನ್ನು ಹೀಗೆ ಕೇಂದ್ರಕ್ಕೆ ತಂದುಕೊಂಡರೆ ಆಕೆ ಯಾವುದನ್ನು ಹಾಡಲು ಆರಿಸಿಕೊಂಡಳು ಎಂಬುದು ಅಧ್ಯಯನದ ಪ್ರಶ್ನೆಯಾಗುತ್ತದೆ. ಆ ಆಯ್ಕೆಯಲ್ಲಿ ಚಿತ್ರಗೀತೆಯೂ ಸೇರಿದ್ದರೆ ಅದನ್ನು ಹೊರಗಿಡುವ ಅಧಿಕಾರ ಸಂಶೋಧಕರಿಗೆ ಎಲ್ಲಿಂದ ಬಂದೀತು?

7

ಈ ಪ್ರಸಂಗವನ್ನು ಹೇಗೆ ಅರ್ಥೈಸಬೇಕು? ಕುಡಿತದಿಂದ ಹೆಚ್ಚು ನೊಂದವರು ಹಳ್ಳಿಯ ಹೆಣ್ಣುಮಕ್ಕಳು. ಪ್ಯಾಕೆಟ್ ಸಾರಾಯಿ ಊರೂರಿಗೆ ತಲುಪಿದ್ದ ಕಾಲವದು. ದಿನಗೂಲಿಯ ಹಣ ಅಂಗಡಿಯಲ್ಲಿ ಕರಗುತ್ತಿದ್ದುದನ್ನು ಕಂಡ ಹೆಂಗಸರು ರಾಜ್ಯದ ಹಲವೆಡೆ ಸಾರಾಯಿ ವಿರೋಧಿ ಹೋರಾಟದ ಮುಂಚೂಣಿಯಲ್ಲಿ ನಿಂತರು. ಕರ್ನಾಟಕದಲ್ಲಿ ಸಾರಾಯಿ ನಿಷೇಧವಾದದ್ದು 2007ರ ಜುಲೈ 1ರಿಂದ. ಹೀಗಿರುವಾಗ ಅದೇ ಹೆಂಗಸರು ಕುಡಿತದ ಹಾಡನ್ನು ನಗುತ್ತಾ ಹಾಡುವುದು ವಿರೋಧಾಭಾಸವೆಂದು ತೋರಬಹುದು.

ಹಾಡನ್ನು ಕುಡಿತದ ಕೊಂಡಾಟವೆಂದು ಓದಿದರೆ ಮಾತ್ರ ಇದು ವಿರೋಧಾಭಾಸ. ಪಡಸಾಲೆಯಲ್ಲಿ ಅದು ಅಣಕದ ಪದವಾಗಿ ಕೆಲಸ ಮಾಡುತ್ತದೆ. ಹೆಣ್ಣು ಕುಡಿದು ಗಂಡಾಗುತ್ತಾಳೆ ಎಂಬುದು ಚಿತ್ರದ ಕಲ್ಪನೆ. ಪಡಸಾಲೆಯ ಹೆಣ್ಣು ಕುಡಿದಿಲ್ಲ. ಅವಳು ಕುಡಿದ ಗಂಡನ್ನು ಅನುಕರಿಸುತ್ತಿದ್ದಾಳೆ. ಚಿತ್ರದಲ್ಲಿ ನಗೆಗೆ ಗುರಿ ಗಂಡಾದ ಹೆಣ್ಣು. ಇಲ್ಲಿ ನಗೆಗೆ ಗುರಿ ಗಂಡೇ. ಶ್ರುತಿ ಬಿಡದೆ ಅಮಲನ್ನು ನಟಿಸಿದ ಮೂಲ ಗಾಯಕಿಯ ಹಿಡಿತ ಈ ಅಣಕಕ್ಕೆ ಮಾದರಿ ಒದಗಿಸಿತು. ಬೀಗರನ್ನು ಹಳಿಯುವ ಪದದ ಜಾಡಿನಲ್ಲೇ ಹಾಡು ಹೊರಟದ್ದು ಆಕಸ್ಮಿಕವಲ್ಲ. ಹೆಣ್ಣಿನ ಕಡೆಯವರು ಗಂಡಿನ ಕಡೆಯವರ ಮುಂದೆ ತಲೆತಗ್ಗಿಸಬೇಕಾದ ಮದುವೆಯಲ್ಲಿ ಅವರನ್ನು ಎದುರಿಗೇ ಆಡಿಕೊಳ್ಳಲು ಸಂಪ್ರದಾಯವೇ ಕೊಟ್ಟಿರುವ ಪರವಾನಗಿ ಬೀಗರ ಪದ. ಆ ಪರವಾನಗಿಯ ಅಡಿಯಲ್ಲಿ ಹೆಂಗಸರು ಚಿತ್ರಗೀತೆಯನ್ನು ಒಳಗೆ ಬಿಟ್ಟುಕೊಂಡರು. ಬಿಟ್ಟುಕೊಂಡು, ತಮ್ಮ ಊರಿನ ಸಂಕಟವನ್ನು ಅದರಲ್ಲಿ ತುಂಬಿದರು. ಸಂಪ್ರದಾಯ ಇಲ್ಲಿ ಚಿತ್ರಗೀತೆಗೆ ಸೋತಿತೆನ್ನುವುದಕ್ಕಿಂತ ಅದನ್ನು ಕೂಲಿಗೆ ಹಚ್ಚಿತೆನ್ನುವುದು ಸರಿ.

ಹೆಂಗಸರು ಹೇಳುವ ಕಥೆಗಳು ಬೇರೆಯದೇ ಆದ ಒಂದು ವ್ಯವಸ್ಥೆಯನ್ನು ಮುಂದಿಡುತ್ತವೆ ಎಂದು ಎ.ಕೆ. ರಾಮಾನುಜನ್ ಗುರುತಿಸಿದ್ದರು. ಗಂಡು ನಾಯಕನ ಕಥೆ ಮದುವೆಯಲ್ಲಿ ಮುಗಿದರೆ, ಹೆಣ್ಣಿನ ಕಥೆಯಲ್ಲಿ ತೊಡಕು ಆರಂಭವಾಗುವುದು ಮದುವೆಯ ನಂತರ. 'ನಂಜುಂಡಿ ಕಲ್ಯಾಣ'ದ ಕಥೆಯೂ ಮದುವೆಯ ಆಚೆಗೆ ಚಾಚುತ್ತದೆ, ಆದರೆ ಗಂಡಿನ ಗೆಲುವಾಗಿ. ಪಡಸಾಲೆಯ ಹಾಡುಗಾರ್ತಿಯರು ಆ ಕಥೆಯನ್ನು ಹಾಗೆಯೇ ಕಳಚಿಟ್ಟು ಹಾಡನ್ನಷ್ಟೇ ಉಳಿಸಿಕೊಂಡರು. ಪಳಗಿಸುವ ಗಂಡ ಅವರ ಆವೃತ್ತಿಯಲ್ಲಿ ಇರಲೇ ಇಲ್ಲ. ವಿಮರ್ಶಕರು ಪುಟಗಟ್ಟಲೆ ಬರೆದು ಮಾಡಬಹುದಾದ ತಿದ್ದುಪಡಿಯನ್ನು ಅವರು ಕೇವಲ ಬಿಡುವುದರಿಂದ ಸಾಧಿಸಿದರು.

ಆದರೂ ಇದನ್ನು ವಿಜಯವೆಂದು ಕೊಂಡಾಡಲು ನಾನು ಸಿದ್ಧಳಿಲ್ಲ. ಅಣಕಕ್ಕೆ ಪರವಾನಗಿ ಇರುವುದು ಮದುವೆಯ ಹೊತ್ತಿಗೆ ಮಾತ್ರ. ಮರುದಿನ ಸೆರಗು ಹೆಗಲಿನಿಂದ ತಲೆಗೆ ಮರಳುತ್ತದೆ. ಸೋದರಮಾವ ಅದೇ ಅಂಗಡಿಗೆ ಹೋಗುತ್ತಾನೆ. ದಿಟ್ಟ ಹೆಣ್ಣನ್ನು ಗಂಡು ಎಂದೇ ಕರೆಯಬೇಕಾದ ಭಾಷೆಯ ಬಡತನವನ್ನು ಈ ಹಾಡು ನೀಗಿಸಲಿಲ್ಲ. ಮೇಲಾಗಿ ಅದೇ ಹಾಡು ರಸಮಂಜರಿಯ ನಡುರಾತ್ರಿಯಲ್ಲಿ ಕುಡಿದವರ ಮನರಂಜನೆಯಾಗಿ, ಹಾಡುವವಳ ಪಾಲಿಗೆ ಮುಜುಗರವಾಗಿ ಪರಿಣಮಿಸುತ್ತಿತ್ತು. ಹಾಡೊಂದರ ಅರ್ಥವನ್ನು ಅದರ ಸಾಹಿತ್ಯದಲ್ಲಷ್ಟೇ ಹುಡುಕಲಾಗದು ಎಂಬುದಕ್ಕೆ ಇದಕ್ಕಿಂತ ಸ್ಪಷ್ಟ ನಿದರ್ಶನ ಬೇಕಿಲ್ಲ. ಯಾರು ಹಾಡುತ್ತಾರೆ, ಯಾರ ಮುಂದೆ, ಬಾಗಿಲು ತೆರೆದೋ ಮುಚ್ಚಿಯೋ, ಯಾವ ಪದ ಮುಗಿದ ಮೇಲೆ ಎಂಬ ವಿವರಗಳಿಲ್ಲದೆ ಗುಂಡಿನ ಹಾಡು ಸ್ತ್ರೀವಿರೋಧಿಯೋ ಸ್ತ್ರೀಪರವೋ ಎಂಬ ಚರ್ಚೆ ಗಾಳಿಯಲ್ಲಿ ಗುದ್ದಾಡಿದಂತೆ.

8

ಆ ನಂತರದ ದಶಕಗಳಲ್ಲಿ ಹಲವು ಬದಲಾವಣೆಗಳಾಗಿವೆ. ಮಾಲಾಶ್ರೀಯವರು 'ದುರ್ಗಿ' (2004) ಮುಂತಾದ ಸಾಹಸಚಿತ್ರಗಳಲ್ಲಿ ಅಮಲಿನ ನೆಪವಿಲ್ಲದ ದಿಟ್ಟ ಹೆಣ್ಣಾಗಿ ಕಾಣಿಸಿಕೊಂಡರು. ಈ ಸೀಮೆಯ ಹೆಂಗಸರು ಅವರನ್ನು ನೆನೆಯುವಾಗ ಎರಡೂ ಮುಖಗಳನ್ನು ಒಟ್ಟಿಗೆ ನೆನೆಯುತ್ತಾರೆ. ಕ್ಯಾಸೆಟ್ಟಿನ ಜಾಗಕ್ಕೆ ಮೊಬೈಲ್ ಬಂದಿದೆ. ನಾಟಿಯ ಗದ್ದೆಯ ಬದುವಿನಲ್ಲಿ ಈಗ ಕೇಳುವುದು ಅದರ ದನಿ. 2023ರ ಕೊನೆಯಲ್ಲಿ ಬಂದ 'ಕಾಟೇರ' ಚಿತ್ರದ 'ಪಸಂದಾಗವ್ನೆ' ಎಂಬ ಕುಣಿತದ ಹಾಡಿಗೆ ದನಿ ನೀಡಿದ ಮಂಗ್ಲಿ ಅವರು ಅನಂತಪುರ ಜಿಲ್ಲೆಯ ಬಂಜಾರ ಸಮುದಾಯದಿಂದ ಬಂದವರು. ತೆಲುಗಿನ ಜನಪದ ಗಾಯನದ ಮೂಲಕ ಹೆಸರು ಮಾಡಿ ಚಿತ್ರರಂಗಕ್ಕೆ ಬಂದವರು. ಜನಪದ ಗಾಯಕಿಯೇ ಚಿತ್ರದ ಕುಣಿತದ ಹಾಡನ್ನು ಹಾಡುವ, ಆ ಹಾಡು ಮತ್ತೆ ಮದುವೆಮನೆಗಳನ್ನು ಸೇರುವ ಈ ಚಕ್ರದಲ್ಲಿ ಯಾವುದು ಮೂಲ, ಯಾವುದು ಮಾಲಿನ್ಯ ಎಂದು ಗೆರೆ ಎಳೆಯುವುದು ಇನ್ನೂ ಕಠಿಣವಾಗಿದೆ.

ಈ ಹಿನ್ನೆಲೆಯಲ್ಲಿ ಒಂದೆರಡು ಸಲಹೆಗಳನ್ನು ಮುಂದಿಡಬಹುದು. ಮೊದಲನೆಯದಾಗಿ, ಹೆಣ್ಣುಮಕ್ಕಳ ಹಾಡುಗಾರಿಕೆಯನ್ನು ಸಂಗ್ರಹಿಸುವವರು ಬಿಡಿ ಪದಗಳಿಗೆ ಬದಲು ಇಡೀ ಕೂಟವನ್ನು, ಅದರ ಅನುಕ್ರಮದೊಂದಿಗೆ, ದಾಖಲಿಸಬೇಕು. ಯಾವ ಪದದ ಬೆನ್ನಿಗೆ ಯಾವ ಚಿತ್ರಗೀತೆ ಬಂತು ಎಂಬುದು ಅರ್ಥದ ಭಾಗ. ಎರಡನೆಯದಾಗಿ, ರಸಮಂಜರಿಯ ಗಾಯಕಿಯರ ಬದುಕು, ಅವರ ಹಾಡಿನ ಪುಸ್ತಕಗಳು, ಅವರು ರೂಢಿಸಿಕೊಂಡ ವೇದಿಕೆಯ ಶಿಸ್ತು ಸ್ವತಂತ್ರ ಅಧ್ಯಯನಕ್ಕೆ ಅರ್ಹವಾಗಿವೆ. ಕ್ಯಾಸೆಟ್ ಯುಗದ ಆ ತಲೆಮಾರು ಈಗ ಮುಪ್ಪಿನತ್ತ ಸಾಗಿದೆ, ಕಾಯುವಷ್ಟು ಸಮಯವಿಲ್ಲ. ಮೂರನೆಯದಾಗಿ, ಹಳೆಯ ಸಂಗ್ರಹಗಳ ಮೂಲ ಧ್ವನಿಮುದ್ರಿಕೆಗಳು ಎಲ್ಲೆಲ್ಲಿ ಉಳಿದಿವೆಯೋ ಅವುಗಳನ್ನು ಮತ್ತೊಮ್ಮೆ ಕೇಳಬೇಕು. ಅಚ್ಚಿಗೆ ಹೋಗುವಾಗ ಬಿಟ್ಟುಹೋದ ನಗು, ಮಾತು, ಅರ್ಧ ಹಾಡಿದ ಚಿತ್ರಗೀತೆಗಳು ಅಲ್ಲಿ ಸಿಕ್ಕಾವು.

ನನ್ನ ಆ ದಿನದ ಧ್ವನಿಮುದ್ರಿಕೆಯನ್ನು ಈಚೆಗೆ ಮತ್ತೆ ಕೇಳಿದೆ. ಬೀಗರ ಪದದ ಕೊನೆಯ ಸೊಲ್ಲು ಮುಗಿಯುತ್ತದೆ. ಹಿರಿಯ ದನಿಯೊಂದು ಗುಂಡಿನ ಹಾಡಿನ ಮೊದಲ ಪದವನ್ನು ಎತ್ತಿಕೊಳ್ಳುತ್ತದೆ. ಎರಡನೆಯದು ಬರುವ ಮೊದಲೇ ಗುಂಡಿ ಒತ್ತಿದ ಸದ್ದು ಕೇಳುತ್ತದೆ. ಮುಂದೆ ಕೇಳಿಸುವುದು ಇನ್ನೊಂದು ಊರಿನ, ಇನ್ನೊಂದು ದಿನದ ಆರತಿಯ ಪದ.